ಸುಳ್ಳು ಸಾಕ್ಷಿ, ತಿರುಗಿಬಿದ್ದ ಸಾಕ್ಷಿ: ಪದೇ ಪದೇ ಕೇಳುವ ಪ್ರಶ್ನೆಗಳು

ಸಮನ್ಸ್ ಕಾಗದ ಹಿಡಿದು ಕಲಬುರಗಿ ಕೋರ್ಟಿಗೆ ಬರುವ ಸಾಕ್ಷಿಗಳು ಕೇಸಿನ ಬಗ್ಗೆ ಕೇಳುವುದು ಕಡಿಮೆ. "ನಾ ಹೇಳೋದ್ರಾಗ ಏನರ ತಪ್ಪಾದ್ರ ನನಗೇನ್ ಮಾಡ್ತಾರ್ರಿ?" ಎಂದು ಕೇಳುವವರೇ ಜಾಸ್ತಿ. ಫಿರ್ಯಾದಿ ಕಡೆಯವರ ಸಂಕಟ ಬೇರೆ. "ಎಲ್ಲರ ಎದುರಿಗೇ ಸುಳ್ಳು ಹೇಳಿ ಹೋದ, ಅವನಿಗೆ ಏನೂ ಆಗಲ್ವಾ?" ಎಂದು ಅವರು ಕೇಳುತ್ತಾರೆ. ವಕೀಲಿ ಮಾಡುತ್ತಾ ಎರಡೂ ಕಡೆಯವರಿಂದ ಕೇಳಿದ ಪ್ರಶ್ನೆಗಳು, ಜೇವರ್ಗಿ, ಸೇಡಂ, ಸುರಪುರ, ಭಾಲ್ಕಿ ಕಡೆಯಿಂದ ಪತ್ರದಲ್ಲಿ ಬಂದ ಪ್ರಶ್ನೆಗಳು ಇಲ್ಲಿವೆ. ಸುಲಭದವು ಮೊದಲು, ಕಠಿಣವಾದವು ಆಮೇಲೆ. ಇದನ್ನು ಓದಿದ ಮೇಲೂ ನಿಮ್ಮ ಕೇಸಿನ ಕಾಗದಗಳನ್ನು ಒಬ್ಬ ವಕೀಲರಿಗೆ ತೋರಿಸಿ.

## ಮೊದಲು ತಿಳಿಯಬೇಕಾದವು

ಕಾನೂನಿನಲ್ಲಿ ಸುಳ್ಳು ಸಾಕ್ಷಿ ಅಂದ್ರೆ ಏನು?

ಮೂರು ಸಂಗತಿ ಸೇರಬೇಕು. ಒಂದು, ನಿಜ ಹೇಳುವ ಕಾನೂನಿನ ಹೊಣೆ ನಿಮ್ಮ ಮೇಲಿರಬೇಕು. ಕೋರ್ಟಿನಲ್ಲಿ ಪ್ರಮಾಣ ಮಾಡಿದ ಮೇಲೆ ಆ ಹೊಣೆ ಬರುತ್ತದೆ. ಎರಡು, ಹೇಳಿದ ಮಾತು ಸುಳ್ಳಾಗಿರಬೇಕು. ಮೂರು, ಅದು ಸುಳ್ಳು ಎಂದು ನಿಮಗೆ ಗೊತ್ತಿರಬೇಕು, ಅಥವಾ ಅದು ನಿಜ ಎಂಬ ನಂಬಿಕೆ ನಿಮಗೇ ಇರಬಾರದು. ಭಾರತೀಯ ನ್ಯಾಯ ಸಂಹಿತೆಯ ಕಲಂ 227 ಹೇಳುವುದು ಇದನ್ನೇ. ಹಳೆಯ ದಂಡ ಸಂಹಿತೆಯಲ್ಲಿ ಇದು ಕಲಂ 191 ಆಗಿತ್ತು.

"ನನಗೆ ಹಾಗನ್ನಿಸಿತು", "ನನಗೆ ಗೊತ್ತಿಲ್ಲ" ಎಂದರೆ ಬಚಾವ್ ಎಂದು ಬಹಳ ಜನ ತಿಳಿದಿದ್ದಾರೆ. ಹಾಗಲ್ಲ. ಗೊತ್ತಿದ್ದೂ ಗೊತ್ತಿಲ್ಲ ಎನ್ನುವುದು, ನಂಬದೇ ಇದ್ದರೂ ನಂಬಿದ್ದೆ ಎನ್ನುವುದು ಕೂಡ ಸುಳ್ಳು ಸಾಕ್ಷಿಯೇ. ಅದನ್ನು ಸಾಬೀತು ಮಾಡುವುದು ಮಾತ್ರ ಕಷ್ಟ.

ಶರಣಬಸಪ್ಪನ ಆಣೆ ಮಾಡಿಸಲಿಲ್ಲ, ಹಂಗಾದ್ರ ನನ್ನ ಮಾತಿಗೆ ಹೊಣೆ ಇಲ್ಲ ಅಲ್ಲೇನ್ರಿ?

ನಮ್ಮ ಕಡೆ ಶರಣಬಸವೇಶ್ವರರ ಗುಡಿಯ ಮುಂದೆಯೋ ಬಂದೇ ನವಾಜ್ ದರ್ಗಾದ ಮುಂದೆಯೋ ಆಣೆ ಮಾಡಿದವರು ಸುಳ್ಳು ಹೇಳಲು ನಿಜವಾಗಿ ಅಂಜುತ್ತಾರೆ. ಆ ಅಂಜಿಕೆಯನ್ನು ನಾನು ಗೌರವಿಸುತ್ತೇನೆ. ಆದರೆ ಕೋರ್ಟಿನ ಪ್ರಮಾಣಕ್ಕೆ ಬಲ ಬರುವುದು 1969ರ ಪ್ರಮಾಣ ಕಾಯ್ದೆಯಿಂದ. ದೇವರ ಹೆಸರಿನಲ್ಲಿ ಹೇಳಬಹುದು. ದೇವರನ್ನು ನಂಬದವರು ಬರೀ ಸತ್ಯನಿಷ್ಠೆಯಿಂದ ಹೇಳುತ್ತೇನೆ ಎನ್ನಬಹುದು. ಎರಡಕ್ಕೂ ಒಂದೇ ಬೆಲೆ. ಪ್ರಮಾಣ ಮಾಡಿಸುವಾಗ ಏನಾದರೂ ಲೋಪ ಆದರೂ ನಿಜ ಹೇಳುವ ಹೊಣೆ ತಪ್ಪುವುದಿಲ್ಲ. ಪ್ರಮಾಣದ ಅರ್ಥ ತಿಳಿಯದ, 12 ವರ್ಷ ತುಂಬದ ಮಕ್ಕಳಿಗೆ ಮಾತ್ರ ವಿನಾಯಿತಿ ಇದೆ. ನಿಜ ಹೇಳಬೇಕು ಎಂಬುದು ಗೊತ್ತಿದ್ದರೆ ಅವರು ಪ್ರಮಾಣ ಇಲ್ಲದೆಯೇ ಸಾಕ್ಷಿ ಹೇಳಬಹುದು.

ಎಷ್ಟು ವರ್ಷ ಜೈಲು?

ಕೋರ್ಟಿನ ವಿಚಾರಣೆಯಲ್ಲಿ ಸುಳ್ಳು ಸಾಕ್ಷಿ ಹೇಳಿದರೆ 7 ವರ್ಷದವರೆಗೆ ಜೈಲು, 10,000 ರೂಪಾಯಿವರೆಗೆ ದಂಡ. ಇದು ಕಲಂ 229. ಮರಣದಂಡನೆ ಆಗಬಹುದಾದ ಕೇಸಿನಲ್ಲಿ ಒಬ್ಬರನ್ನು ಸಿಕ್ಕಿಸಲೆಂದೇ ಸುಳ್ಳು ಹೇಳಿದರೆ ಜೀವಾವಧಿ, ಇಲ್ಲವೇ 10 ವರ್ಷದವರೆಗೆ ಕಠಿಣ ಶಿಕ್ಷೆ. ಆ ಸುಳ್ಳಿನಿಂದ ನಿರಪರಾಧಿ ಗಲ್ಲಿಗೇರಿದರೆ ಸುಳ್ಳು ಹೇಳಿದವನಿಗೂ ಮರಣದಂಡನೆ ಆಗಬಹುದು. ಹೊಸ ಸಂಹಿತೆ ಜಾರಿಗೆ ಬಂದದ್ದು 2024ರ ಜುಲೈ 1ರಂದು. ಅದಕ್ಕೂ ಮೊದಲು ಹೇಳಿದ ಸುಳ್ಳಿಗೆ ಹಳೆಯ ಕಲಂ 193, 194 ಅನ್ವಯಿಸುತ್ತವೆ.

ಪೊಲೀಸ್ರ ಮುಂದ ಒಂದು ಹೇಳಿ, ಕೋರ್ಟಿನ್ಯಾಗ ಇನ್ನೊಂದು ಹೇಳಿದ. ಇದು ಸುಳ್ಳು ಸಾಕ್ಷಿ ಅಲ್ಲದಿದ್ರ ಮತ್ತೇನ್ರಿ?

ಈ ಪ್ರಶ್ನೆ ಕೇಳದ ವಾರವೇ ಇಲ್ಲ. ಕೇಳುವವರ ಹೊಟ್ಟೆಯ ಸಂಕಟ ನನಗೆ ಅರ್ಥವಾಗುತ್ತದೆ.

ಠಾಣೆಯಲ್ಲಿ ಪೊಲೀಸರು ಬರೆದುಕೊಳ್ಳುವ ಹೇಳಿಕೆ ಪ್ರಮಾಣದ ಮೇಲೆ ಕೊಟ್ಟದ್ದಲ್ಲ. ಅದಕ್ಕೆ ಸಾಕ್ಷಿಯ ಸಹಿಯನ್ನೂ ಪಡೆಯುವಂತಿಲ್ಲ. ಹಳೆಯ ಕಾನೂನಿನ ಕಲಂ 161, 162ರಲ್ಲಿ ಇದ್ದದ್ದು ಈಗ ನಾಗರಿಕ ಸುರಕ್ಷಾ ಸಂಹಿತೆಯ, ಅಂದರೆ ಕ್ರಿಮಿನಲ್ ಕೇಸ್ ನಡೆಸುವ ವಿಧಾನ ಹೇಳುವ ಕಾನೂನಿನ, 180, 181ರಲ್ಲಿದೆ. ಈ ನಿಯಮ ಸುಮ್ನೆ ಇಟ್ಟದ್ದಲ್ಲ. ಠಾಣೆಯಲ್ಲಿ ಏನು ಬರೆದುಕೊಂಡರು ಎಂಬುದು ಎಷ್ಟೋ ಸಲ ಸಾಕ್ಷಿಗೇ ಗೊತ್ತಿರುವುದಿಲ್ಲ. ಅವನು ಹೇಳದ ಮಾತೂ ಅದರಲ್ಲಿ ಸೇರಿರಬಹುದು. ಹಾಗಾಗಿ ಆ ಕಾಗದಕ್ಕೂ ಕೋರ್ಟಿನ ಮಾತಿಗೂ ತಾಳೆ ಆಗಲಿಲ್ಲ ಎಂಬ ಒಂದೇ ಕಾರಣಕ್ಕೆ ಶಿಕ್ಷೆ ಕೊಡಲು ಬರುವುದಿಲ್ಲ. ಕೋರ್ಟಿನಲ್ಲಿ ಹೇಳಿದ್ದೇ ಸುಳ್ಳು ಎಂದು ತೋರಿಸಲು ಬೇರೆ ಪುರಾವೆ ಬೇಕು. ಸಿಸಿಟಿವಿ ಇರಬಹುದು, ಫೋನ್ ದಾಖಲೆ ಇರಬಹುದು, ಆಸ್ಪತ್ರೆಯ ಕಾಗದ ಇರಬಹುದು.

## ಕೋರ್ಟಿನ ಒಳಗೆ ನಡೆಯುವುದು

ಸಾಕ್ಷಿ ಹೋಸ್ಟೈಲ್ ಆದ ಅಂತ ಸರ್ಕಾರಿ ವಕೀಲರು ಅಂದರು. ಜಡ್ಜ್ ಸಾಹೇಬ್ರು ಅಲ್ಲೇ ಯಾಕ ಒಳಗ ಹಾಕಲಿಲ್ಲ?

ಹೋಸ್ಟೈಲ್ ಎನ್ನುವುದು ಅಪರಾಧದ ಹೆಸರಲ್ಲ. ಕನ್ನಡದಲ್ಲಿ ಪ್ರತಿಕೂಲ ಸಾಕ್ಷಿ ಎನ್ನುತ್ತಾರೆ. ತಾನೇ ಕರೆಸಿದ ಸಾಕ್ಷಿಗೆ ವಕೀಲರು ಸಾಮಾನ್ಯವಾಗಿ ಪಾಟಿ ಸವಾಲು, ಅಂದರೆ ಎದುರು ಕಡೆಯವರು ಕೇಳುವಂಥ ಪ್ರಶ್ನೆ, ಹಾಕುವಂತಿಲ್ಲ. ಸಾಕ್ಷಿ ಉಲ್ಟಾ ಹೇಳಿದಾಗ ಕೋರ್ಟಿನ ಅನುಮತಿ ಪಡೆದು ಹಾಕಬಹುದು. ಸಾಕ್ಷ್ಯ ಅಧಿನಿಯಮದ ಕಲಂ 157 ಆ ಅನುಮತಿಯದು. ಅಂದು ನೀವು ನೋಡಿದ್ದು ಅದನ್ನೇ. ಸಾಕ್ಷಿ ಸುಳ್ಳ ಎಂಬ ತೀರ್ಮಾನ ಆಗ ಇನ್ನೂ ಆಗಿರುವುದಿಲ್ಲ.

ಇನ್ನೊಂದು ಮಾತು ಜನರಿಗೆ ಗೊತ್ತಿಲ್ಲ. ತಿರುಗಿಬಿದ್ದ ಸಾಕ್ಷಿಯ ಮಾತು ಪೂರ್ತಿ ಕಸದ ಬುಟ್ಟಿಗೆ ಹೋಗುವುದಿಲ್ಲ. ಅದರಲ್ಲಿ ನಂಬಬಹುದಾದ ಭಾಗವನ್ನು ಬೇರೆ ಪುರಾವೆಯ ಜೊತೆ ಇಟ್ಟು ಕೋರ್ಟ್ ಬಳಸಿಕೊಳ್ಳಬಹುದು. ಸುಪ್ರೀಂ ಕೋರ್ಟ್ 1976ರಲ್ಲೇ ಇದನ್ನು ಹೇಳಿದೆ. "ಗಲಾಟೆ ಆದದ್ದು ನಿಜ, ನಾನು ಅಲ್ಲೇ ಇದ್ದೆ, ಆದರೆ ಹೊಡೆದವರು ಯಾರು ನೋಡಲಿಲ್ಲ" ಎಂದು ಹೇಳಿದರೂ ಜಾಗ ಮತ್ತು ಹೊತ್ತು ಅವನ ಬಾಯಿಂದಲೇ ಬಂದಂತಾಯಿತು. ಆದ್ದರಿಂದ ಒಬ್ಬ ಸಾಕ್ಷಿ ತಿರುಗಿದ ಕೂಡಲೇ ಕೇಸ್ ಬಿದ್ದೇ ಹೋಯಿತು ಎಂದು ಮನೆಗೆ ಹೋಗಿ ಕೂರಬೇಡಿ.

ನಮ್ಮ ಅಪ್ಪ ಹೊಲದ ಲೆಕ್ಕದಲ್ಲಿ ದಿನ ಹೇಳ್ತಾರೆ. ತಾರೀಖು ತಪ್ಪಿದ್ರೆ ಜೈಲಿಗೆ ಹಾಕ್ತಾರಾ?

ಇಲ್ಲ, ಧೈರ್ಯವಾಗಿರಿ. ಘಟನೆ ನಡೆದು ಎಷ್ಟೋ ವರ್ಷದ ಮೇಲೆ ಸಾಕ್ಷಿ ಹೇಳುವ ದಿನ ಬರುತ್ತದೆ. "ತೊಗರಿ ರಾಶಿ ಮಾಡೋ ಹೊತ್ತಿಗೆ" ಎಂದು ರೈತ ಹೇಳಿದರೆ ಅದು ಅವನ ಕ್ಯಾಲೆಂಡರ್. ಎಷ್ಟು ಅಡಿ ದೂರ, ಎಷ್ಟು ಗಂಟೆ, ಮೊದಲ ಏಟು ಎಡಕ್ಕೋ ಬಲಕ್ಕೋ ಎಂಬುದರಲ್ಲಿ ತಪ್ಪಾಗುವುದು ಸಹಜ. ಸುಳ್ಳು ಬೇಕೆಂದೇ ಹೇಳಿದ್ದು ಎಂದು ಕಾಣಬೇಕು, ಶಿಕ್ಷೆ ಆಗುವ ಸಂಭವವೂ ಸಾಕಷ್ಟಿರಬೇಕು, ಆಗ ಮಾತ್ರ ಕೇಸ್ ಹೂಡಬೇಕು ಎಂದು 1971ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇವತ್ತಿಗೂ ನಿಂತಿದೆ. ಗೊತ್ತಿಲ್ಲದ್ದಕ್ಕೆ ಗೊತ್ತಿಲ್ಲ ಎನ್ನಿ. ವಕೀಲರು ದಬಾಯಿಸಿ ಕೇಳಿದರು ಎಂದು ಅಂದಾಜಿನಲ್ಲಿ ನಂಬರ್ ಹೇಳಬೇಡಿ.

ನಾ ಹೇಳಿದ್ದೇ ಬೇರೆ, ಟೈಪ್ ಆಗಿದ್ದೇ ಬೇರೆ. ಏನ್ ಮಾಡ್ಬೇಕ್ರಿ?

ಸಹಿ ಹಾಕುವ ಮೊದಲೇ ಹೇಳಬೇಕು. ನಾಗರಿಕ ಸುರಕ್ಷಾ ಸಂಹಿತೆಯ ಕಲಂ 313ರ ಪ್ರಕಾರ ಸಾಕ್ಷ್ಯ ಮುಗಿದ ಮೇಲೆ ಅದನ್ನು ನಿಮಗೆ ಓದಿ ಹೇಳಬೇಕು. ತಪ್ಪಿದ್ದರೆ ತಿದ್ದಬಹುದು. ಬರೆದ ಭಾಷೆ ನಿಮಗೆ ಬಾರದಿದ್ದರೆ, ಬರುವ ಭಾಷೆಯಲ್ಲಿ ತಿಳಿಸಬೇಕು.

ಕಲಬುರಗಿ, ಬೀದರ, ಯಾದಗಿರಿ, ನಮ್ಮ ಈ ಮೂರು ಜಿಲ್ಲೆಗಳಲ್ಲಿ ಇದು ಚಿಕ್ಕ ವಿಷಯ ಅಲ್ಲ. ಔರಾದ ಕಡೆಯ ಸಾಕ್ಷಿ ಮರಾಠಿಯಲ್ಲಿ ಮಾತಾಡುತ್ತಾನೆ. ಗುರುಮಠಕಲ್ ಕಡೆಯವನ ಬಾಯಲ್ಲಿ ತೆಲುಗು ಬರುತ್ತದೆ. ಪೇಟೆಯ ಅರ್ಧ ಜನರದು ದಖನಿ ಉರ್ದು. ತಾಂಡಾದ ಹೆಣ್ಣುಮಗಳಿಗೆ ಲಂಬಾಣಿಯೇ ಮನೆಮಾತು. ನಾನು ನಡೆಸಿದ ಒಂದು ಕೇಸಿನಲ್ಲಿ ಸಾಕ್ಷಿಯಾಗಿದ್ದ ಹುಡುಗ ಆರೋಪಿಯನ್ನು "ನಮ್ಮ ಕಾಕಾ" ಎಂದ. ನಮ್ಮ ಕಡೆ ಓಣಿಯ ಎಲ್ಲ ಹಿರಿಯರೂ ಕಾಕಾನೇ ಅಲ್ವಾ? ದಾಖಲೆಯಲ್ಲಿ "ನನ್ನ ಚಿಕ್ಕಪ್ಪ" ಎಂದು ಬಂತು. ಮುಂದಿನ ತಾರೀಖಿಗೆ ಪಾಟಿ ಸವಾಲಿನಲ್ಲಿ ಅವನು "ನಮಗೂ ಅವರಿಗೂ ಸಂಬಂಧ ಇಲ್ಲ" ಎಂದಾಗ, ಪ್ರಮಾಣ ಮಾಡಿ ಸುಳ್ಳು ಹೇಳುತ್ತಿದ್ದಾನೆ ಎಂಬ ಮಾತು ಬಂತು. ಹುಡುಗ ಕಟಕಟೆಯಲ್ಲೇ ನಡುಗಿಹೋದ. ಅಂದಿನಿಂದ ನಾನು ಪ್ರತಿ ಸಾಕ್ಷಿಗೂ ಹೇಳುತ್ತೇನೆ: "ಓದಿ ಹೇಳ್ರಿ ಸಾಹೇಬ್ರ" ಎಂದು ಕೇಳಲು ನಾಚಬೇಡಿ. ಅದು ನಿಮ್ಮ ಹಕ್ಕು.

ಪಂಚನಾಮೆಗೆ ಸಹಿ ಹಾಕಿದ್ದೆ. ಅದ್ರಾಗ ಏನ್ ಬರ್ದಾರ ಅಂತ ಓದಿಲ್ಲ.

ಹಾಗಿದ್ದರೆ ಕೋರ್ಟಿನಲ್ಲೂ ಅದನ್ನೇ ಹೇಳಿ. ಸಹಿ ನನ್ನದು, ಜಾಗಕ್ಕೆ ಹೋಗಿರಲಿಲ್ಲ, ಓದಿರಲಿಲ್ಲ ಎಂಬುದು ನಿಜವಾದರೆ ಅದು ಸುಳ್ಳು ಸಾಕ್ಷಿ ಅಲ್ಲ. ಎದುರಿಗೇ ವಸ್ತು ವಶಪಡಿಸಿಕೊಂಡಿದ್ದನ್ನು ನೋಡಿಯೂ ನೋಡಿಲ್ಲ ಎಂದರೆ ಮಾತ್ರ ತೊಂದರೆ. ಈಗ ಶೋಧ ಮತ್ತು ಜಪ್ತಿಯನ್ನು ವಿಡಿಯೋ ಮಾಡಬೇಕು ಎಂದು ನಾಗರಿಕ ಸುರಕ್ಷಾ ಸಂಹಿತೆಯ ಕಲಂ 105 ಹೇಳುತ್ತದೆ. ನೀವು ಅಲ್ಲಿ ಇದ್ದಿರೋ ಇಲ್ಲವೋ ಎಂಬುದು ಅದರಲ್ಲಿ ಕಾಣುತ್ತದೆ.

## ಕೇಸ್ ಹೂಡುವ ದಾರಿ

ಸುಳ್ಳು ಹೇಳಿದವನ ಮೇಲೆ ನಾನೇ ಠಾಣೆಗೆ ಹೋಗಿ ಕಂಪ್ಲೇಂಟ್ ಕೊಡಬಹುದಾ?

ಬರುವುದಿಲ್ಲ. ಕೋರ್ಟಿನಲ್ಲಿ ಹೇಳಿದ ಸುಳ್ಳಿಗೆ ದೂರು ಕೊಡಬೇಕಾದದ್ದು ಕೋರ್ಟೇ. ನಾಗರಿಕ ಸುರಕ್ಷಾ ಸಂಹಿತೆಯ ಕಲಂ 215 ಈ ಬಾಗಿಲನ್ನು ಬೇರೆಯವರಿಗೆ ಮುಚ್ಚಿದೆ (ಇಲ್ಲಿಂದ ಮುಂದೆ ಕಾನೂನಿನ ಹೆಸರಿಲ್ಲದೆ ಬರೀ ಕಲಂ ಎಂದರೆ ಇದೇ ಸಂಹಿತೆಯದು). ಇಲ್ಲದಿದ್ದರೆ ಸೋತವರೆಲ್ಲ ಗೆದ್ದವರ ಸಾಕ್ಷಿಗಳ ಮೇಲೆ ಮರುದಿನವೇ ಕೇಸ್ ಹಾಕುತ್ತಿದ್ದರು. ಆಮೇಲೆ ಸಾಕ್ಷಿ ಹೇಳಲು ಯಾರು ಬರುತ್ತಿದ್ದರು?

ನೀವು ಮಾಡಬಹುದಾದದ್ದು, ಅದೇ ಕೋರ್ಟಿಗೆ ಕಲಂ 379ರ ಅಡಿ ಅರ್ಜಿ ಹಾಕುವುದು. ಹಳೆಯ ಕಲಂ 340 ಇದೇ. ಅರ್ಜಿಯಲ್ಲಿ "ಎಲ್ಲಾ ಸುಳ್ಳು" ಎಂದು ಬರೆದರೆ ಪ್ರಯೋಜನ ಇಲ್ಲ. ಯಾವ ತಾರೀಖಿನ ಸಾಕ್ಷ್ಯ, ಯಾವ ವಾಕ್ಯ, ಅದು ಸುಳ್ಳು ಎಂದು ತೋರಿಸುವ ದಾಖಲೆ ಯಾವುದು, ಅದು ಸುಳ್ಳೆಂದು ಸಾಕ್ಷಿಗೆ ಗೊತ್ತಿತ್ತು ಎಂದು ಹೇಗೆ ಹೇಳುತ್ತೀರಿ, ಇಷ್ಟನ್ನು ಬಿಡಿಸಿ ಬರೆಯಿರಿ. ಕೋರ್ಟ್ ತಾನಾಗಿಯೂ ಕ್ರಮ ತೆಗೆದುಕೊಳ್ಳಬಹುದು. ಬೇಕಿದ್ದರೆ ಪ್ರಾಥಮಿಕ ವಿಚಾರಣೆ ನಡೆಸಬಹುದು. ಅದು ಕಡ್ಡಾಯವಲ್ಲ, ದೂರು ಕೊಡುವ ಮೊದಲು ಆ ಸಾಕ್ಷಿಯ ಮಾತು ಕೇಳಲೇಬೇಕು ಎಂದೂ ಇಲ್ಲ ಎಂದು 2022ರಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಹೇಳಿದೆ. ಸುಳ್ಳು ಕಂಡ ಮೇಲೂ ಕೇಸ್ ಹೂಡುವುದು ನ್ಯಾಯದ ಹಿತಕ್ಕೆ ಬೇಕೇ ಎಂದು ಕೋರ್ಟ್ ನೋಡುತ್ತದೆ. ಬೇಕು ಎನಿಸಿದರೆ ಬರಹದಲ್ಲಿ ದೂರು ಮಾಡಿ ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರಿಗೆ ಕಳಿಸುತ್ತದೆ. ಅಲ್ಲಿಂದ ಹೊಸ ಕೇಸ್ ಶುರು.

ಅರ್ಜಿ ವಜಾ ಆಯ್ತು. ಬೆಂಗಳೂರಿಗೇ ಹೋಗಬೇಕಾ?

ಬೇಡ. ಕಲಂ 380ರಲ್ಲಿ ಮೇಲ್ಮನವಿ ಇದೆ. ಮ್ಯಾಜಿಸ್ಟ್ರೇಟ್ ಕೋರ್ಟಿನ ಆದೇಶವಾದರೆ ಸೆಷನ್ಸ್ ಕೋರ್ಟಿಗೆ, ಸೆಷನ್ಸ್ ಆದೇಶವಾದರೆ ಹೈಕೋರ್ಟಿಗೆ. 2008ರಲ್ಲಿ ಸಂಚಾರಿ ಪೀಠವಾಗಿ ಶುರುವಾದ ಹೈಕೋರ್ಟಿನ ಕಲಬುರಗಿ ಪೀಠ 2013ರಲ್ಲಿ ಕಾಯಂ ಆಯಿತು. ಬೀದರ, ಯಾದಗಿರಿಯವರಿಗೂ ಅದೇ. ದೂರು ಕೊಡಲು ಕೋರ್ಟ್ ತೀರ್ಮಾನಿಸಿದರೆ ಆ ಸಾಕ್ಷಿಗೂ ಇದೇ ಮೇಲ್ಮನವಿ ಉಂಟು.

ಇಷ್ಟೆಲ್ಲ ಸುತ್ತು ಇಲ್ಲದೆ ತೀರ್ಪಿನ ದಿನವೇ ಶಿಕ್ಷೆ ಕೊಡೋಕೆ ಆಗಲ್ವಾ?

ಆಗುತ್ತದೆ, ಆದರೆ ಚಿಕ್ಕ ಶಿಕ್ಷೆ. ಸಾಕ್ಷಿ ಗೊತ್ತಿದ್ದೇ ಸುಳ್ಳು ಹೇಳಿದ್ದಾನೆ ಎಂದು ಸೆಷನ್ಸ್ ನ್ಯಾಯಾಧೀಶರು ಅಥವಾ ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರು ತೀರ್ಪಿನಲ್ಲೇ ಅಭಿಪ್ರಾಯ ಬರೆದು, ಅವನಿಗೆ ಕಾರಣ ಹೇಳಲು ಅವಕಾಶ ಕೊಟ್ಟು, ತಾವೇ ಚುಟುಕಾಗಿ ವಿಚಾರಣೆ ಮಾಡಬಹುದು. ಕಲಂ 383ರಲ್ಲಿ ಇದಕ್ಕೆ 3 ತಿಂಗಳವರೆಗೆ ಜೈಲು, ಇಲ್ಲವೇ 1,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಮೊದಲು ದಂಡ 500 ರೂಪಾಯಿ ಇತ್ತು. ತೀರ್ಪಿನಲ್ಲಿ ಆ ಅಭಿಪ್ರಾಯ ಇಲ್ಲದಿದ್ದರೆ ಈ ದಾರಿ ಮುಚ್ಚುತ್ತದೆ. ಹಾಗಾಗಿ ವಾದ ಮಾಡುವಾಗಲೇ ಈ ವಿಷಯ ಎತ್ತಬೇಕು.

ಮ್ಯಾಜಿಸ್ಟ್ರೇಟ್ ಮುಂದೆ ಹೇಳಿಕೆ ಕೊಟ್ಟಿದ್ದೇನೆ. ಈಗ ಬದಲಿಸಿದರೆ?

ಇಲ್ಲಿ ಹುಷಾರಾಗಿರಿ. ಕಲಂ 183ರ ಹೇಳಿಕೆಯನ್ನು, ಅಂದರೆ ಹಳೆಯ 164ನ್ನು, ಪ್ರಮಾಣದ ಮೇಲೆ ಪಡೆಯುತ್ತಾರೆ. ಠಾಣೆಯ ಹೇಳಿಕೆಗೂ ಇದಕ್ಕೂ ದೊಡ್ಡ ವ್ಯತ್ಯಾಸ ಇದೆ. ಪ್ರಮಾಣದ ಮೇಲೆ ಒಂದಕ್ಕೊಂದು ವಿರುದ್ಧವಾದ ಎರಡು ಮಾತು ಹೇಳಿದರೆ, ಯಾವುದು ಸುಳ್ಳು ಎಂದು ಗೊತ್ತಾಗದಿದ್ದರೂ ಎರಡರಲ್ಲೊಂದು ಸುಳ್ಳು ಎಂದು ಆರೋಪ ಹೊರಿಸಲು ಕಲಂ 244ರ ಉದಾಹರಣೆಯೊಂದು ಅವಕಾಶ ಕೊಡುತ್ತದೆ. ಹಾಗಂತ ಬರೀ ವ್ಯತ್ಯಾಸ ಕಂಡ ಮಾತ್ರಕ್ಕೆ ಕೇಸ್ ಹೂಡಬಾರದು, ಬೇಕೆಂದೇ ಹೇಳಿದ ಸುಳ್ಳು ಎಂದು ಕಾಣಬೇಕು ಎಂದು ಸುಪ್ರೀಂ ಕೋರ್ಟ್ 1992ರಲ್ಲೂ 2024ರಲ್ಲೂ ಹೇಳಿದೆ. 10 ವರ್ಷ ಅಥವಾ ಜಾಸ್ತಿ ಶಿಕ್ಷೆಯ ಅಪರಾಧಗಳಲ್ಲಿ ಪೊಲೀಸರು ಕರೆತಂದ ಸಾಕ್ಷಿಯ ಹೇಳಿಕೆಯನ್ನು ಮ್ಯಾಜಿಸ್ಟ್ರೇಟರು ಈಗ ಬರೆದುಕೊಳ್ಳಲೇಬೇಕು. ಅದಕ್ಕೇ ಈ ಪ್ರಶ್ನೆ ಇನ್ನು ಮುಂದೆ ಜಾಸ್ತಿ ಜನರಿಗೆ ಬರುತ್ತದೆ.

## ಕಠಿಣವಾದವು

ಊರಾಗ ಹಿರಿಯರು ಕೂತು ರಾಜಿ ಮಾಡ್ಸ್ಯಾರ. "ಕೋರ್ಟಿನ್ಯಾಗ ಗೊತ್ತಿಲ್ಲ ಅಂದುಬಿಡು" ಅಂತಾರ. ಅನ್ಲೇನ್ರಿ?

ಅನ್ನಬೇಡಿ. ನಮ್ಮ ಕಡೆ ಸಾಕ್ಷಿ ತಿರುಗಿಬೀಳಲು ಮುಖ್ಯ ಕಾರಣ ದುಡ್ಡು ಎಂದು ಹೊರಗಿನವರು ತಿಳಿದಿದ್ದಾರೆ. ನಾನು ಕಂಡಂತೆ ರಾಜಿಯೇ ಮೊದಲ ಕಾರಣ. ಹೊಲದ ಬದುವಿನ ಜಗಳ, ಅಣ್ಣತಮ್ಮಂದಿರ ಬಡಿದಾಟ. ಕೇಸ್ ನಡೆಯುವಷ್ಟರಲ್ಲಿ ಎರಡೂ ಮನೆಯವರು ಒಂದಾಗಿರುತ್ತಾರೆ. ಒಂದೇ ಬಾವಿ, ಒಂದೇ ದಾರಿ, ಮಕ್ಕಳ ಮದುವೆ. ರಾಜಿ ಆಗಿದ್ದು ಒಳ್ಳೆಯದೇ. ಅದರ ಭಾರವನ್ನು ಸಾಕ್ಷಿಯ ನಾಲಿಗೆ ಮೇಲೆ ಹೊರಿಸುವುದು ಸರಿಯಲ್ಲ. ಹಿರಿಯರು ಕಟ್ಟೆ ಮೇಲೆ ಕೂತಿರುತ್ತಾರೆ, ಪ್ರಮಾಣ ಮಾಡಿ ಸುಳ್ಳು ಹೇಳುವವರು ನೀವು.

ತೆರೆದ ದಾರಿ ಇದೆ. ಸಣ್ಣ ಪೆಟ್ಟಿನಂಥ ಹಲವು ಅಪರಾಧಗಳನ್ನು ಕಲಂ 359ರ ಅಡಿ ಕೋರ್ಟಿನಲ್ಲೇ ರಾಜಿ ಮಾಡಿಕೊಳ್ಳಬಹುದು. ಆ ಪಟ್ಟಿಯಲ್ಲಿ ಇಲ್ಲದ, ಆದರೆ ಎರಡು ಮನೆಗಳ ನಡುವಿನದೇ ಆದ ಕೇಸನ್ನು ರದ್ದು ಮಾಡಲು ಹೈಕೋರ್ಟಿಗೆ ಹೋಗಬಹುದು. ಕೊಲೆ, ಅತ್ಯಾಚಾರದಂಥ ಕೇಸಿಗೆ ಈ ದಾರಿ ಇಲ್ಲ, ಇರಲೂಬಾರದು. ದಲಿತ ಕುಟುಂಬದ ಮೇಲೆ ದೌರ್ಜನ್ಯ ಆದ ಕೇಸಿನಲ್ಲಿ "ರಾಜಿ" ಎಂಬ ಮಾತು ಬಂದರೆ ನಾನು ಎರಡು ಸಲ ಯೋಚಿಸುತ್ತೇನೆ. ಅದು ಎಷ್ಟೋ ಸಲ ಬೆದರಿಕೆಯ ಇನ್ನೊಂದು ಹೆಸರು.

ಸುಳ್ಳು ಹೇಳಿಸಿದವನಿಗೆ ಏನೂ ಇಲ್ಲೇನ್ರಿ? ಬಡವ ಒಬ್ಬನೇ ಸಿಕ್ಕಿಬೀಳಬೇಕಾ?

ಒಬ್ಬನೇ ಸಿಕ್ಕಿಬೀಳಬಾರದು. ಸುಳ್ಳು ಸಾಕ್ಷಿ ಹೇಳು ಎಂದು ಬೆದರಿಸುವುದು ಬೇರೆಯದೇ ಅಪರಾಧ. ನ್ಯಾಯ ಸಂಹಿತೆಯ ಕಲಂ 232ರಲ್ಲಿ 7 ವರ್ಷದವರೆಗೆ ಜೈಲಿದೆ. ಇದಕ್ಕೆ ಠಾಣೆಯಲ್ಲೇ ಎಫ್‌ಐಆರ್ ಆಗುತ್ತದೆ, ಸಾಕ್ಷಿ ನೇರವಾಗಿ ಕೋರ್ಟಿಗೂ ದೂರು ಕೊಡಬಹುದು. ದುಡ್ಡು ಕೊಟ್ಟು ಹೇಳಿಸಿದವನು ದುಷ್ಪ್ರೇರಣೆಗೆ ಹೊಣೆ. ಕಾಲ್ ರೆಕಾರ್ಡ್, ವಾಟ್ಸಾಪ್ ಮೆಸೇಜ್ ಅಳಿಸಬೇಡಿ.

2018ರ ಡಿಸೆಂಬರ್ 5ರಂದು ಸುಪ್ರೀಂ ಕೋರ್ಟ್ ಒಪ್ಪಿದ ಸಾಕ್ಷಿ ಸಂರಕ್ಷಣಾ ಯೋಜನೆ ಇಡೀ ದೇಶಕ್ಕೆ ಅನ್ವಯಿಸುತ್ತದೆ. ಜಿಲ್ಲಾ ನ್ಯಾಯಾಧೀಶರು ಅಧ್ಯಕ್ಷರಾಗಿ, ಜಿಲ್ಲಾ ಪೊಲೀಸ್ ಮುಖ್ಯಸ್ಥರು ಮತ್ತು ಸರ್ಕಾರಿ ಅಭಿಯೋಜನೆಯ ಮುಖ್ಯಸ್ಥರು ಇರುವ ಸಮಿತಿಗೆ ಅರ್ಜಿ ಕೊಡಬೇಕು. ಪೊಲೀಸರು ಐದು ಕೆಲಸದ ದಿನಗಳಲ್ಲಿ ಅಪಾಯದ ವರದಿ ಕೊಡಬೇಕು. ಅಪಾಯವನ್ನು ವರ್ಗ ಮಾಡಿ ನೋಡುತ್ತಾರೆ, ಜೀವಕ್ಕೆ ಅಪಾಯ ಇದ್ದರೆ ಅದು ಮೊದಲ ವರ್ಗ. ರಕ್ಷಣೆ ಒಂದು ಸಲಕ್ಕೆ ಮೂರು ತಿಂಗಳವರೆಗೆ ಸಿಗುತ್ತದೆ. ಪರಿಶಿಷ್ಟರ ಮೇಲಿನ ದೌರ್ಜನ್ಯದ ಕೇಸಾದರೆ ದೌರ್ಜನ್ಯ ತಡೆ ಕಾಯ್ದೆಯ ಕಲಂ 15ಎ ಪ್ರಕಾರ ಸಾಕ್ಷಿಗೆ ರಕ್ಷಣೆ, ಪ್ರಯಾಣ ಮತ್ತು ಊಟದ ಖರ್ಚು ಕೇಳುವ ಹಕ್ಕಿದೆ. ಬೆದರಿಕೆ ಬಂದಾಗ ಒಂದು ಅರ್ಜಿಯನ್ನೂ ಬರೆಯದೆ, ತಿರುಗಿಬಿದ್ದ ಮೇಲೆ ಕೂಲಿಯವನನ್ನು ಜೈಲಿಗೆ ಹಾಕಿ ಎನ್ನುವುದನ್ನು ನಾನು ಒಪ್ಪುವುದಿಲ್ಲ.

ಯಾರಿಗಾದರೂ ನಿಜವಾಗಿ ಶಿಕ್ಷೆ ಆಗಿದೆಯಾ?

ದೇಶಕ್ಕೆಲ್ಲ ಗೊತ್ತಾದ ಎರಡು ಕೇಸು ಹೇಳುತ್ತೇನೆ. 2002ರ ವಡೋದರದ ಬೇಕರಿ ಹತ್ಯಾಕಾಂಡದಲ್ಲಿ ಮುಖ್ಯ ಸಾಕ್ಷಿಯಾಗಿದ್ದ ಯುವತಿ ಮತ್ತೆ ಮತ್ತೆ ಮಾತು ಬದಲಿಸಿದಳು ಎಂದು 2006ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ನ್ಯಾಯಾಂಗ ನಿಂದನೆಗಾಗಿ ಒಂದು ವರ್ಷ ಜೈಲು, 50,000 ರೂಪಾಯಿ ದಂಡ ವಿಧಿಸಿತು. ದೆಹಲಿಯ ಜೆಸ್ಸಿಕಾ ಲಾಲ್ ಕೊಲೆ ಕೇಸಿನಲ್ಲಿ ಹಲವು ಸಾಕ್ಷಿಗಳು ತಿರುಗಿಬಿದ್ದಿದ್ದರು. ಕೊನೆಗೆ 2013ರಲ್ಲಿ ಇಬ್ಬರ ಮೇಲೆ ಮಾತ್ರ ಸುಳ್ಳು ಸಾಕ್ಷಿಯ ಕೇಸ್ ಹೂಡಲು ದೆಹಲಿ ಹೈಕೋರ್ಟ್ ಆದೇಶಿಸಿತು. ಅವರಲ್ಲಿ ಒಬ್ಬರು ಗುಂಡಿನ ಪರೀಕ್ಷೆಯ ತಜ್ಞರು. ಅವರ ವಿರುದ್ಧದ ಆದೇಶವನ್ನು 2016ರಲ್ಲಿ ಸುಪ್ರೀಂ ಕೋರ್ಟ್ ತೆಗೆದುಹಾಕಿತು. ತಜ್ಞರು ಹೇಳುವುದು ಅಭಿಪ್ರಾಯ, ಕಣ್ಣಾರೆ ಕಂಡದ್ದಲ್ಲ ಎಂಬುದನ್ನು ಕೋರ್ಟ್ ಗಮನಿಸಿತು. ಡಾಕ್ಟರ್ ಸಾಕ್ಷಿ ನಿಮ್ಮ ವಿರುದ್ಧ ಹೋಯಿತು ಎಂದು ಅರ್ಜಿ ಹಾಕುವ ಮೊದಲು ಇದನ್ನು ನೆನಪಿಡಿ.

ನಾನೇ ಸುಳ್ಳು ಹೇಳಿ ಬಂದೆ. ರಾತ್ರಿ ನಿದ್ದಿ ಹತ್ತವಲ್ದು. ಸರಿಮಾಡ್ಬಹುದೇನ್ರಿ?

ಸೇಡಂ ಕಡೆಯಿಂದ ಬಂದ ಪತ್ರ ಇದು. ಇನ್ನೂ ಕೆಲವರು ಬಾಯಿಬಿಟ್ಟು ಹೀಗೆ ಕೇಳಿದ್ದಾರೆ.

ತೀರ್ಪು ಇನ್ನೂ ಬಂದಿಲ್ಲದಿದ್ದರೆ ದಾರಿ ಇದೆ. ಕಲಂ 348ರ ಪ್ರಕಾರ ವಿಚಾರಣೆಯ ಯಾವ ಹಂತದಲ್ಲಾದರೂ ಕೋರ್ಟ್ ಸಾಕ್ಷಿಯನ್ನು ಮತ್ತೆ ಕರೆಸಬಹುದು. ಮಾತು ಬದಲಿಸಲೆಂದೇ ಮತ್ತೆ ಬರುವ ಸಾಕ್ಷಿಯನ್ನು ಕೋರ್ಟುಗಳು ಅನುಮಾನದಿಂದ ನೋಡುತ್ತವೆ. ಹಾಗಾಗಿ ಯಾಕೆ ಸುಳ್ಳು ಹೇಳಿದಿರಿ, ಯಾರು ಹೇಳಿಸಿದರು ಎಂಬುದನ್ನು ಪುರಾವೆ ಸಮೇತ ಹೇಳಬೇಕಾಗುತ್ತದೆ. ತಿದ್ದಿಕೊಂಡ ಮಾತ್ರಕ್ಕೆ ಹಳೆಯ ತಪ್ಪು ಅಳಿಸಿಹೋಗುವುದಿಲ್ಲ. ಆದರೆ ನಿಮ್ಮ ಮೇಲೆ ಕೇಸ್ ಹೂಡಬೇಕೇ ಎಂದು ಯೋಚಿಸುವಾಗ, ನೀವಾಗಿಯೇ ಬಂದಿರಿ ಎಂಬುದನ್ನು ಕೋರ್ಟಿನ ಮುಂದಿಡಬಹುದು.

ಆರೋಪಿಯ ವಕೀಲರ ಹತ್ತಿರವೂ ಫಿರ್ಯಾದಿಯ ಮನೆಗೂ ಹೋಗಬೇಡಿ. ನಿಮಗೇ ಬೇರೆ ವಕೀಲರು ಬೇಕು. ಫೀ ಕೊಡಲು ಆಗದಿದ್ದರೆ ಜಿಲ್ಲಾ ಕೋರ್ಟಿನ ಆವರಣದಲ್ಲಿರುವ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ಅಲ್ಲಿ ಉಚಿತವಾಗಿ ವಕೀಲರನ್ನು ಕೊಡುತ್ತಾರೆ. ಮುಂದಿನ ತಾರೀಖು ಯಾವಾಗ ಎಂದು ನೋಡಿಕೊಂಡು, ಅದಕ್ಕೆ ಮೊದಲೇ ಹೋಗಿ.